ಬಣ್ಣ ಓಡತದಂತ

ಗುಳೇದಗುಡ್ಡದ ನಮ್ಮ ಬಣ್ಣದ ಮನೀಗೆ
ಪರದೇಶದಿಂದ ಬಂದ ಮೊದಲನೇ ಕಾಗದ.
ಹದಿನೆಂಟು ಖಣ ತರಿಸಿಕೊಂಡಾಕಿ ಯಾರೋ,
ಎರಡೇ ಸಾಲು ಬರದಿದ್ದಳು.
ಸುಗಲಾ ಬಾಗಿಲ ಬೆಳಕಿಗೆ ಹಿಡಿದು ಓದಿದಳು:
"ಮಾವಾ, ನಿನ್ನ ಕೆಂಪು ಓಡತದಂತ."

ಕುದಿಯೋ ಹಂಡೇದಾಗ ಕೋಲು ಆಡಸತಿದ್ದ ರಾಚಪ್ಪ ನಕ್ಕ:
"ಎಲ್ಲಿಗೆ ಓಡತದ? ಕಾಲು ಎಲ್ಲ್ಯಾವ ಅದಕ್ಕ?"
ನಾನೂ ನಕ್ಕೆ. ಆಮ್ಯಾಲೆ ನಗು ಬರಲಿಲ್ಲ.

ನಾವು ಅನ್ನೋದು ಬಣ್ಣ ಬಿಡತದ ಅಂತ.
ಬಿಟ್ಟದ್ದು ಬಣ್ಣ ಅರಿವೀನ್ನೋ
ಅರಿವಿ ಬಣ್ಣಾನ್ನೋ,
ಮೂವತ್ತು ವರ್ಷ ನೂಲು ಅದ್ದಿದ ಈ ಕೈಗೂ
ಗೊತ್ತಾಗಿಲ್ಲ.
ಅವರ ಮಾತಿನಾಗ ಅನುಮಾನ ಇಲ್ಲ.
ಓಡಿದ್ದು ಬಣ್ಣ. ತಪ್ಪು ಬಣ್ಣದ್ದು.

ಸಂಜೀಕ ಲೈಬ್ರರಿಗೆ ಹೋದೆ.
ಕುಂದರಗಿ ಮಾಸ್ತರು ದಪ್ಪ ಡಿಕ್ಷನರಿ ಇಳಿಸಿ,
ಧೂಳು ಜಾಡಿಸಿ, ಬೆರಳು ನೆಕ್ಕಿ, ಹಾಳಿ ಹೊರಳಿಸಿ
'ರನ್' ಹುಡುಕಿದರು.
ಒಂದು ಮಾತಿಗೆ ಐದು ಹಾಳಿ, ನಂಬ್ರಿ!
ಅಂಗಡಿ ನಡೆಸಿದರೂ ರನ್,
ಮಗ್ಗ ನಡದರೂ ರನ್,
ಮೂಗು ಸೋರಿದರ, ಚುನಾವಣೆಗೆ ನಿಂತರ...
"ನಿಂತರೂ ಓಡೋದ ಏನ್ರಿ?"
"ಹೌದಪಾ, ಅಲ್ಲಿ ನಿಂತರೂ ಓಡೋದ."
ಹೊರಗ ಓಣ್ಯಾಗ ಹುಡುಗರು
ಐದು ಹಾಳ್ಯಾಗಿನ ಒಂದೇ ಅರ್ಥ ಹಿಡಕೊಂಡು ಒದರತಿದ್ದರು:
ರನ್! ರನ್! ಎರಡನೇದು ಬ್ಯಾಡ, ಬ್ಯಾಡಲೇ!

ಕಡೀಕ ಸಣ್ಣ ಅಕ್ಷರದಾಗ ಮೂಲ.
ಮಾಸ್ತರು ಕನ್ನಡಕ ಹಣಿಗೆ ಏರಿಸಿ ಓದಿದರು.
ಸಾವಿರ ವರ್ಷದ ಹಿಂದ ಈ ಮಾತು
ಕಾಲಿಗೆ ಎಷ್ಟೋ ಅಷ್ಟೇ ನೀರಿಗೂ ಸೇರಿತ್ತಂತ.
ಓಡೋದಕ್ಕೂ ಹರಿಯೋದಕ್ಕೂ ಅವರ ಹಿರ್ಯಾರು
ಒಂದೇ ಮಾತು ಇಟ್ಟಿದ್ದರಂತ.

ಹರಿಯೋದು.
ಇದು ನಮಗ ಗೊತ್ತಿದ್ದದ್ದೇ.
ಮಲಪ್ರಭಾ ಹರೀತದ, ಬೆಳಕು ಹರೀತದ,
ಸಾಲ ಹರೀತದ ಅಂತಾರ, ನಾ ಕಂಡಿಲ್ಲ.
ನೂಲು ಹರೀತದ, ಅದನ್ನ ದಿನಾ ಕಂಡೀನಿ.
ಮಾಸ್ತರ ಕೈಯಾಗಿನ ಡಿಕ್ಷನರಿ ರಟ್ಟೂ ಹರಿದಿತ್ತು.

ನನ್ನ ತಂಗಿ ಮಾದೇವಿ
ಮಗ್ಗದ ರಿಪೇರಿಗೆ ಬಂದ ಹುಡುಗನ ಸಂಗಾಟ
ಇಚಲಕರಂಜಿ ಬಸ್ ಹತ್ತಿದ ದಿನ
ಓಣಿ ತುಂಬ ಒಂದೇ ಕ್ರಿಯಾಪದ: ಓಡಿಹೋದಳು.
ಅಪ್ಪ ಆ ಮಾತು ಮುಂದ ಎಂದೂ ಆಡಲಿಲ್ಲ,
ಕೋಳಿ ಓಡಿದರೂ 'ಹೋತು' ಅಂತಿದ್ದ.

ಆಕಿ ಓಡಿರಲಿಲ್ಲ.
ನಸುಕಿನ್ಯಾಗ ಬಾಗಲಾ ಸಾವಕಾಶ ಮುಂದ ಮಾಡಿ,
ಗಟಾರ ದಾಟಿ, ನಿಂತು, ಚಪ್ಪಲಿ ಹಾಕ್ಕೊಂಡು,
ಇಳಿಜಾರಿಗೆ ನೀರು ಹೋದಂಗ ಹೋಗಿದ್ದಳು.
ನಾ ಎಚ್ಚರಿದ್ದೆ. ಕೂಗಲಿಲ್ಲ.
ಇದನ್ನ ಯಾರಿಗೂ ಹೇಳಿಲ್ಲ.

ಆಕಿ ಮಗಳೇ ಈ ಸುಗಲಾ.
ಹೋದ ವರ್ಷ ಒಂದು ಟ್ರಂಕ್ ಹಿಡಕೊಂಡು ಬಂದು
"ಬಣ್ಣ ಹಾಕೋದು ಕಲಸು, ಮಾವಾ" ಅಂದಳು.
ಹೊಳಿ ಹಿಂದಕ್ಕ ಹರಿಯೋದಿಲ್ಲ ಅಂತಾರ.

"ಏನಂತ ಬರೀಲಿ?" ಪೆನ್ನು ಹಿಡಿದು ಕೇಳಿದಳು.
ಬರಿ:
ಮೊದಲ ನೀರಿಗೆ ಒಂದು ಹಿಡಿ ಉಪ್ಪು ಹಾಕ್ರಿ.
ಬಿಳೇ ಅರಿವಿ ಸಂಗಾಟ ನೆನಸಬ್ಯಾಡ್ರಿ.
ನೆರಳಾಗ ಒಣಗಸ್ರಿ.
ಮೂರು ನೀರಿಗೆ ನಿಲ್ಲತದ.

"ನಿಲ್ಲತದ ಅನ್ನೋದಕ್ಕ ಏನು ಹಾಕಲಿ?
ಅದಕ್ಕೂ ಅವರಲ್ಲಿ ಹತ್ತು ಮಾತು ಅದಾವ."

ನಾ ಅಂಗೈ ತೋರಿಸಿದೆ.
ಕೆಂಪು.
ಉಗುರಿನ ಬುಡದಾಗ ಅಪ್ಪನ ಕಾಲದ ಕೆಂಪು.
ಆಕಿ ನೋಡಿ, ಒಂದು ಮಾತು ಬರದು, ಹೊಡದು ಹಾಕಿ,
ಇನ್ನೊಂದು ಬರದಳು.
ಯಾವುದಂತ ನಾ ಕೇಳಲಿಲ್ಲ.